ಬಸ್ಸಿನಲ್ಲಿ ಬರೆದ ಒಂದು ಸಾಲು

ಕೆಟ್ಟ ಯೋಚನೆ ಬಂದ ತಕ್ಷಣ ಬರೆದುಬಿಡಿ, ಭಯ ತಲೆಯಿಂದ ಆಚೆ ಹೋಗುತ್ತೆ ಅಂತ ಡಾಕ್ಟರು ಹೇಳಿದ್ದರು. ಹಾಗಾಗಿ ಕೆಲಸಕ್ಕೆ ಹೋಗುವಾಗಲೂ ಡೈರಿ ಬ್ಯಾಗಿನಲ್ಲೇ ಇರುತ್ತಿತ್ತು. ಅವತ್ತು ಮಧುಗಿರಿಯಲ್ಲಿ ಪಾವಗಡದ ಬಸ್ಸು ಹತ್ತಿ, ಊರು ದಾಟುತ್ತಿದ್ದಂತೆ ಬರೆದೆ: 'ಈ ಬಸ್ಸು ಇವತ್ತು ಮಗುಚಿಕೊಳ್ಳುತ್ತೆ.'

ಪಕ್ಕದಲ್ಲಿ ಮಗುವನ್ನು ತೊಡೆ ಮೇಲೆ ಕೂರಿಸಿಕೊಂಡಿದ್ದ ಹೆಂಗಸು ಅದನ್ನು ಓದಿಬಿಟ್ಟಳು.

"ಡ್ರೈವರಣ್ಣಾ, ನಿಲ್ಸು! ಬಸ್ಸು ಮಗುಚ್ಕೊಳ್ತದೆ ಅಂತ ಈವಮ್ಮ ಬರ್ದವ್ರೆ!"

ಬಸ್ಸು ನಿಂತಿತು. ಕಂಡಕ್ಟರು ನನ್ನ ಮುಂದೆ ಬಂದು ನಿಂತ. "ಏನ್ ಮೇಡಂ, ಓಡೋ ಗಾಡಿ ಮ್ಯಾಲೆ ಇಂಗೆಲ್ಲಾ ಬರೀತಾರಾ?"

"ಡಾಕ್ಟ್ರು ಬರೀರಿ ಅಂದವ್ರೆ ಕಣಣ್ಣ."

"ಬಸ್ಸು ಮಗುಚ್ಲಿ ಅಂತಾನಾ?"

ಯಾರೂ ನಗಲಿಲ್ಲ. ಹಿಂದಿನ ಸೀಟಿನವರೆಲ್ಲ ಎದ್ದು ನನ್ನನ್ನೇ ನೋಡುತ್ತಿದ್ದರು. ಆ ಸಾಲು ಹೊಡೆದುಹಾಕಿದೆ.

"ಹೊಡ್ದಾಕ್ಬುಟ್ರೆ ಆಯ್ತಾ? ಬರ್ದಿದ್ದು ಸುಮ್ನೆ ಹೋಗಾಕಿಲ್ಲ," ಎನ್ನುತ್ತಾ ಆ ಹೆಂಗಸು ಮಗುವನ್ನೆತ್ತಿಕೊಂಡು ಇಳಿಯಲು ಹೊರಟಳು. ಅವಳ ಹಿಂದೆ ಇನ್ನೂ ನಾಲ್ಕು ಜನ ಎದ್ದರು. ಬೆಳಿಗ್ಗೆಯೇ ಪೂಜೆ ಮಾಡಿ ನಿಂಬೆಹಣ್ಣಿನ ಮೇಲೆ ಗಾಡಿ ಹತ್ತಿಸಿದ್ದೀನಿ ಅಂತ ಡ್ರೈವರು ಕೂಗಿದರೂ ಕೇಳುವವರಿಲ್ಲ. ಕೊನೆಗೆ ಯಾರೋ ಚೀಲದಿಂದ ನಿಂಬೆಹಣ್ಣು ತೆಗೆದುಕೊಟ್ಟರು. ಡ್ರೈವರು ಹಲ್ಲು ಕಚ್ಚಿಕೊಂಡು ಇಳಿದು, ಅವನ್ನು ಚಕ್ರಗಳ ಕೆಳಗಿಟ್ಟು ಬಸ್ಸು ಹತ್ತಿಸಿದ. ಆಮೇಲೇ ಎಲ್ಲರೂ ಕೂತಿದ್ದು.

ಪಾವಗಡದವರೆಗೂ ಒಂದೊಂದು ತಿರುವಿಗೂ ಇಡೀ ಬಸ್ಸು ಕಂಬಿ ಹಿಡಿದು ಉಸಿರು ಬಿಗಿಹಿಡಿಯುತ್ತಿತ್ತು. ನನಗೆ ಮಾತ್ರ, ಎಷ್ಟೋ ದಿನಗಳ ಮೇಲೆ, ಸಣ್ಣ ಜೊಂಪು ಹತ್ತಿತ್ತು.

ಬರೆದರೆ ಭಯ ಆಚೆ ಹೋಗುತ್ತೆ ಅಂದಿದ್ದ ಡಾಕ್ಟರು, ಎಲ್ಲಿಗೆ ಹೋಗುತ್ತೆ ಅಂತ ಮಾತ್ರ ಹೇಳಿರಲಿಲ್ಲ.