ಮಡಿಗೆ ಒಗ್ಗಿದ ಕಾರು

ನನ್ನ ನೆಗೆಣ್ಣಿ ಬ್ಯಾಟರಿ ಕಾರು ಕೊಂಡಳೆಂಬ ಸುದ್ದಿ ಬಂದಾಗ ನಾನು ಅಡುಗೆಮನೆಯಲ್ಲಿ ಸಜ್ಜೆ ಹಿಟ್ಟು ಜರಡಿ ಹಿಡಿಯುತ್ತಿದ್ದೆ. ನೆಗೆಣ್ಣಿ ಅಂದರೆ ಮೈದುನನ ಹೆಂಡತಿ. ಅವರದು ಬಸವನ ಬಾಗೇವಾಡಿ, ನಮ್ಮದು ಸಿಂದಗಿ. ಫೋನಿನಲ್ಲಿ ಅವಳು ಬಣ್ಣ ಹೇಳಿದಳು, ಸೀಟು ಹೇಳಿದಳು, ಮಾಳಿಗೆಯ ಮೇಲಿನ ಸೋಲಾರ್ ಹೇಳಿದಳು. ನಾನು "ಹೌ ನೈಸ್" ಅಂದೆ. ಫೋನು ಇಟ್ಟ ಮೇಲೆ ನೋಡಿದರೆ ಅರ್ಧ ಹಿಟ್ಟು ಪರಾತದ ಹೊರಗೆ ಬಿದ್ದಿತ್ತು.

ಕಾರಿನ ವಿಷಯದಲ್ಲಿ ನಾನು ಮೊದಲಿನಿಂದಲೂ ಪೊಸೆಸಿವ್. ಬೆಳಗಾವಿಯ ಕಾನ್ವೆಂಟಿನಲ್ಲಿ ಓದಿ, ಮದುವೆಯಾಗಿ ಈ ಊರಿಗೆ ಬಂದಾಗ ಇಲ್ಲಿ ಹೆಂಗಸರು ಸೈಕಲ್ ಸಹ ಹೊಡೆಯುತ್ತಿರಲಿಲ್ಲ. ನಾನು ಸ್ಟೀರಿಂಗ್ ಹಿಡಿದು ಬಸ್ ಸ್ಟ್ಯಾಂಡಿನ ಮುಂದೆ ಹಾಯ್ದರೆ ಚಹಾದ ಅಂಗಡಿಯಲ್ಲಿ ಕಪ್ಪು ಬಾಯಿಯ ಹತ್ತಿರವೇ ನಿಲ್ಲುತ್ತಿತ್ತು. "ಕಾರಿನ ಬಾಯಾರು" ಅಂತ ಹೆಸರು ಬಿತ್ತು. ಸಾಲಿಯಲ್ಲಿ ಇಂಗ್ಲಿಷ್ ಕಲಿಸಿದೆ, ಗ್ರಾಮರ್ ಕಲಿಸಿದೆ. ಅದ್ಯಾವುದೂ ಯಾರಿಗೂ ನೆನಪಿಲ್ಲ. ಕಾರು ನೆನಪಿದೆ. ಮಗಳನ್ನು ಇಂಡಿ ಊರಿಗೆ ಕೊಟ್ಟಾಗ ಅವಳನ್ನು ಗಂಡನ ಮನೆಗೆ ಬಿಟ್ಟು ಬಂದವಳು ನಾನೇ, ಡ್ರೈವರ್ ಅಲ್ಲ. ನೆಗೆಣ್ಣಿಯ ಬಾಣಂತನಕ್ಕೆ ಅವಳನ್ನು ಮುದ್ದೇಬಿಹಾಳದ ತವರಿಗೆ ಮುಟ್ಟಿಸಿದವಳೂ ನಾನೇ. ಇಡೀ ಮನೆತನ ನನ್ನ ಕಾರಿನಲ್ಲಿ ಕೂತಿದೆ. ಅತ್ತೆಯವರೊಬ್ಬರನ್ನು ಬಿಟ್ಟು. ಒಮ್ಮೆ ದವಾಖಾನೆಗೆ ಒಯ್ದದ್ದು ಲೆಕ್ಕಕ್ಕಿಲ್ಲ, ಆಗ ಮಡಿ ಇರಲಿಲ್ಲ.

ಅತ್ತೆಯವರು ನಮ್ಮ ಜೊತೆಗೇ ಇರುತ್ತಾರೆ. ತೊಂಬತ್ತು ದಾಟಿದೆ, ಮಡಿ ಮಾತ್ರ ಒಂದಿಂಚು ಸಡಿಲಿಲ್ಲ. ಮಿಂದು, ಯಾರೂ ಮುಟ್ಟದೆ ಒಣಗಿದ ಸೀರೆ ಉಟ್ಟರೆಂದರೆ, ದೇವರ ಕೆಲಸ ಮುಗಿಯುವ ತನಕ ಅವರನ್ನು ಯಾರೂ ಮುಟ್ಟುವಂತಿಲ್ಲ, ಅವರು ಚರ್ಮ ಮುಟ್ಟುವಂತಿಲ್ಲ. ದೇವರ ಕೆಲಸ ಬಿಟ್ಟು ಅವರು ಮನೆಯಿಂದ ಹೊರಬೀಳುವುದೂ ಇಲ್ಲ. ನನ್ನ ಕಾರಿಗೆ ನಾನು ಹೌಸಿಯಿಂದ ಸೊಲ್ಲಾಪುರದಲ್ಲಿ ಲೆದರ್ ಸೀಟು ಹಾಕಿಸಿದ್ದೆ, ಟ್ಯಾನ್ ಕಲರ್. ಅವರು ಬಾಗಿಲಲ್ಲೇ ನಿಂತು ಒಳಗೆ ಇಣುಕಿ, "ಚರ್ಮದ ಮ್ಯಾಲ ಹ್ಯಾಂಗ ಕೂಡ್ಲೆವಾ?" ಅಂದರು.

ಎಳ್ಳ ಅಮಾವಾಸ್ಯೆಗೆ ದೇವರ ಹಿಪ್ಪರಗಿಯ ಹತ್ತಿರವಿರುವ ನಮ್ಮ ಹೊಲಕ್ಕೆ ಚರಗ ಚೆಲ್ಲಲು, ಅಂದರೆ ನಿಂತ ಬೆಳೆಗೆ ನೈವೇದ್ಯ ಎರಚಲು, ಎಲ್ಲರೂ ಹೋಗುವುದು ಪದ್ಧತಿ. ಮಡಿಯಲ್ಲಿ ಮಾಡಿದ ನೈವೇದ್ಯದ ಬುಟ್ಟಿ ತೊಡೆಯ ಮೇಲೆ ಇಟ್ಟುಕೊಂಡು ಅತ್ತೆಯವರು ಮೊದಲು ಬಂಡಿಯಲ್ಲಿ, ಆಮೇಲೆ ಟ್ರ್ಯಾಕ್ಟರಿನ ಟ್ರೇಲರಿನಲ್ಲಿ ಮಣೆ ಹಾಕಿಕೊಂಡು ಕೂತು ಹೋಗುವರು. ಹಿಂದೆ ನಾನು, ಖಾಲಿ ಸೀಟಿನ ಕಾರಿನಲ್ಲಿ, ಮಂತ್ರಿಗಳ ಹಿಂದಿನ ಪೊಲೀಸ್ ಜೀಪಿನ ಹಾಗೆ. ಕೊನೆಗೆ ಆ ಲೆದರ್ ಕೀಳಿಸಿ ಖಾದಿ ಹಾಕಿಸಿದೆ. "ಒಳಗಿನ ಸ್ಪಂಜಿಗೆ ಏನೇನ ಹಾಕಿರ್ತಾರೊ" ಅಂದರು. ಮಡಿಯ ಉಣ್ಣೆ ಧಾಬಳಿಯನ್ನೇ ಮೇಲೆ ಹಾಸಿದೆ. "ಇವತ್ತ ಬ್ಯಾಡ, ಮುಂದ ನೋಡೂಣು" ಅಂದರು. ಆ ಮುಂದು ಬರಲಿಲ್ಲ. ಮಡಿಯ ಮುಂದೆ ವಾದ ಏನು? ನಾನೂ ಬಿಟ್ಟೆ. ನನ್ನ ಕಾರಿನಲ್ಲಿ ಕೂಡದಿದ್ದರೆ ಯಾರ ಕಾರಿನಲ್ಲೂ ಕೂಡುವುದಿಲ್ಲ ಎಂಬ ಒಂದು ಸಮಾಧಾನ ಇತ್ತು.

ಆ ಸಮಾಧಾನವನ್ನು ನೆಗೆಣ್ಣಿ ಬಂದು ತೆಗೆದುಕೊಂಡು ಹೋದಳು. ಕಾರು ಕೊಂಡ ಹೊಸದರಲ್ಲಿ, ಯಲಗೂರು ಹನುಮಪ್ಪನ ದರ್ಶನಕ್ಕೆ ಅತ್ತೆಯವರನ್ನು ಕರೆದೊಯ್ಯುತ್ತೇನೆ ಅಂತ ಒಂದು ಶನಿವಾರ ಬೆಳಿಗ್ಗೆ ಬಂದಳು. ಕಾರು ಬಂದು ನಿಂತದ್ದೇ ಗೊತ್ತಾಗಲಿಲ್ಲ, ಬೆಕ್ಕು ಬಂದ ಹಾಗೆ ಬಂದಿತ್ತು. ಅವಳಿಗೆ ಡ್ರೈವಿಂಗ್ ಬರುವುದಿಲ್ಲ, ಡ್ರೈವರ್ ಇಟ್ಟಿದ್ದಾಳೆ. ಬಾಗಿಲು ತೆರೆದು ಹಿಡಿದು ಅತ್ತೆಯವರಿಗೆ ಹೇಳಿದಳು:

"ಬರ್ರಿ, ಕೂಡ್ರಿ. ಒಂದು ತುಣುಕ ಸೈತ ಚರ್ಮ ಇಲ್ಲ ಇದರಾಗ. ಎಣ್ಣಿ ಇಲ್ಲ, ಹೊಗಿ ಇಲ್ಲ. ಮಾಳಗಿ ಮ್ಯಾಲ ಬಿಸಲ ಬೀಳ್ತದ, ಅದರಿಂದನ ಓಡ್ತದ."

"ಸೂರ್ಯನಾರಾಯಣನ ಓಡಸ್ತಾನ ಅನ್ನು," ಅಂದರು ಅತ್ತೆಯವರು. "ಮತ್ತ ಅದಕ್ಕೇನ ಮೈಲಿಗಿ?"

ಮಡಿಸೀರೆ ಒಂದಿಷ್ಟು ಎತ್ತಿ ಹಿಡಿದು, ಸೀದಾ ಹತ್ತಿ ಕೂತರು. ಹಾಸಲಿಕ್ಕಂತ ನಾನು ತಂದ ಧಾಬಳಿ ನನ್ನ ಕೈಯಲ್ಲೇ ಉಳಿಯಿತು.

"ಬರ್ತೀವಿ ಅಕ್ಕಾ," ಅಂದಳು ನೆಗೆಣ್ಣಿ. ಎಷ್ಟು ಸಾದಾ ಅಂದಳೆಂದರೆ, ಬೇಕಂತಲೇ ಸಾದಾ ಅಂದಳು ಅನ್ನಿಸಿತು.

ಆ ಮೇಲೆ ಏಕಾದಶಿಗೊಮ್ಮೆ, ಆರಾಧನೆಗೊಮ್ಮೆ ಅತ್ತೆಯವರ ಸವಾರಿ ಶುರುವಾಯಿತು. ನಾನು ಬೆಳಿಗ್ಗೆ ಕಾಫಿ ಕೊಡುವವಳು, ಕಾಲಿಗೆ ಎಣ್ಣೆ ತಿಕ್ಕುವವಳು, ರಾತ್ರಿ ಗುಳಿಗೆ ಕೊಡುವವಳು. ಅತ್ತೆಯವರು ಕಾರಿನಿಂದ ಕೈ ಬೀಸುವುದು ಮಾತ್ರ ಅವಳ ಪಕ್ಕ ಕೂತು. ನಾನು ಶೆಡ್ಡಿಗೆ ಹೋಗಿ ನನ್ನ ಹಳೆಯ ಪೆಟ್ರೋಲ್ ಗಾಡಿಯ ಬಾನೆಟ್ಟು ಒರೆಸುತ್ತ ನಿಲ್ಲುತ್ತಿದ್ದೆ. "ಯೂ ಆಂಡ್ ಐ, ಬೋತ್ ಔಟ್‌ಡೇಟೆಡ್" ಅಂತ ಅದಕ್ಕೆ ಹೇಳಿದ್ದೂ ಉಂಟು. ಅಸೂಯೆ ಪಾಪ ಅಂತ ಕಾನ್ವೆಂಟಿನ ಸಿಸ್ಟರ್ ಕಲಿಸಿದ್ದರು. ಆದರೆ ಆ ಸಿಸ್ಟರಿಗೆ ನೆಗೆಣ್ಣಿ ಇರಲಿಲ್ಲ.

"ನಿನ್ನ ಗಾಡಿ ಬರೇ ಹೊಗಿ ಉಗಳ್ತದ," ಅಂದರು ನಮ್ಮ ಮನೆಯವರು ಪೇಪರಿನ ಹಿಂದಿನಿಂದ. "ನೀ ಬೆಂಕಿನ ಉಗಳ್ಲಿಕ್ಕತ್ತಿ."

ನೋಡಿಯೇ ಬಿಡೋಣ ಅಂತ, ಹಲ್ಲಿನ ಡಾಕ್ಟರ ನೆಪ ಹೇಳಿ ವಿಜಯಪುರಕ್ಕೆ ಹೋದೆ. ಅವಳದರಂಥ ಕಾರು ಮಾರುವ ಷೋರೂಮು ಹುಡುಕಿ ಒಳಗೆ ಹೊಕ್ಕೆ. ಒಂದು ಕೊರತೆ ಸಿಕ್ಕರೆ ಸಾಕು ಅಂತ ನನ್ನ ಲೆಕ್ಕ. ಅಲ್ಲಿನ ಸೇಲ್ಸ್‌ಮನ್ ಕೈ ಜೋಡಿಸಿ ತಣ್ಣೀರು ಕೊಟ್ಟು ಪಾಠದ ಹಾಗೆ ಶುರು ಮಾಡಿದ. ಕಾರು ಮಾಡುವ ಫ್ಯಾಕ್ಟರಿಯೇ ಈಗ ಬಿಸಿಲಿನ ಕರೆಂಟಿನ ಮೇಲೆ ನಡೆಯುತ್ತದಂತೆ. ಬಣ್ಣ ಹೊಡೆದು ತೊಳೆದ ನೀರನ್ನು ಸೋಸಿ ಮತ್ತೆ ಬಳಸುತ್ತಾರಂತೆ. ಕಾರಿಗೆ ವಯಸ್ಸಾದರೆ ಉಕ್ಕು ಕರಗಿ ಹೊಸ ಕಾರಿನ ಮೈಯಾಗುತ್ತದೆ, ದಣಿದ ಬ್ಯಾಟರಿ ಯಾರದೋ ಮನೆಯ ದೀಪ ಹಚ್ಚುತ್ತದೆ. ಕಾರಿಗೂ ಪುನರ್ಜನ್ಮ ಅಂತಾಯಿತು. ಬಾಗಿಲ ಒಳಗಿನ ಹಲಗೆ ತಟ್ಟಿ ತೋರಿಸಿದ.

"ಇದು ನಾರಿಂದ್ರಿ ಮೇಡಮ್. ನಮ್ಮ ಪುಂಡಿ ಇರ್ತೈತಲ್ರಿ, ಅದರ ಜಾತಿದೇ ಗಿಡ."

ಪುಂಡಿಯ ಎಲೆ ಸೋಸಿಕೊಂಡು ದಂಟು ತಿಪ್ಪೆಗೆ ಎಸೆದೇ ನನ್ನ ಆಯುಷ್ಯ ಹೋಗಿದೆ. ಅದು ಇಲ್ಲಿ ಬಂದು ನೆಗೆಣ್ಣಿಯ ಕಾರಿನ ಬಾಗಿಲಾಗಿ ಕೂತಿದೆ. ಪುಂಡಿಯ ಮೇಲೂ ಸಿಟ್ಟು ಬಂತು.

"ಸೀಟು?" ಅಂದೆ.

"ಸೀಟ್ ಅಂತೂ ಭಾಳ ಸ್ಪೆಶಲ್ ಐತ್ರಿ. ಮಂದಿ ಕುಡದು ಒಗೀತಾರಲ್ರಿ ನೀರಿನ ಬಾಟ್ಲಿ, ಅವನ್ನ ಆರಿಸಿ ತಂದು, ಕರಗಿಸಿ, ನೂಲ ತಗದು ನೇಯ್ತಾರ. ಎಲ್ಲಾ ರೀಸೈಕಲ್ಡ್."

"ಕುಡದು ಒಗದದ್ದು?"

"ಹೌದ್ರಿ, ಯೂಸ್ಡ್ ಬಾಟ್ಲಿ."

"ಬಾಯಿ ಹಚ್ಚಿ ಕುಡದದ್ದು?"

ಅವನಿಗೆ ಏನೋ ತಪ್ಪಾಯಿತು ಅನ್ನಿಸಿರಬೇಕು. "ಸ್ವಚ್ಛ ತೊಳದಿರ್ತಾರ್ರಿ," ಅಂದ.

ನನಗೆ ಬೇಕಾದದ್ದು ಸಿಕ್ಕಿತ್ತು. ಎಂಜಲು. ಊರೂರ ಬಸ್ ಸ್ಟ್ಯಾಂಡಿನ ಎಂಜಲು ಬಾಟಲಿಯ ಮೇಲೆ, ಮಡಿಸೀರೆಯಲ್ಲಿ, ನೈವೇದ್ಯದ ಬುಟ್ಟಿ ಹಿಡಿದು ನಮ್ಮ ಅತ್ತೆಯವರು. ವಿಜಯಪುರದಿಂದ ಸಿಂದಗಿಯ ತನಕ ನನ್ನ ಹಳೆಯ ಗಾಡಿ ಆ ದಿನ ಓಡಿದ ಹಾಗೆ ಎಂದೂ ಓಡಿರಲಿಲ್ಲ.

ಮನೆಯವರಿಗೆ ಹೇಳಿದೆ. ಅವರು ಕನ್ನಡಕ ತೆಗೆದು ನೋಡಿದರು.

"ಅವ್ವಗ ಹೇಳಿದ್ರ ಆಕಿ ಗಂಗಾಸ್ನಾನಕ್ಕ ಕಾಶೀಗಿ ಹೊಂಡ್ತಾಳ. ಕರಕೊಂಡ ಹೋಗಾವ್ರ ಯಾರು? ನಿನ್ನ ಕಾರಿನ್ಯಾಗಂತೂ ಕೂಡೂದಿಲ್ಲ."

ಹೇಳದೆ ಉಳಿದೆ, ಸುಮ್ಮನಾಗಲಿಲ್ಲ. ಅಷ್ಟರಲ್ಲಿ ಎಳ್ಳ ಅಮಾವಾಸ್ಯೆ ಬಂತು. ನೆಗೆಣ್ಣಿ ಬೆಳಿಗ್ಗೆಯೇ ಬಾಗೇವಾಡಿಯಿಂದ ಕಾರು ತಂದಳು. ಮೈದುನ ಹೊಲದ ವ್ಯವಸ್ಥೆಗೆ ಮೊದಲೇ ಹೋಗಿದ್ದ. ಅತ್ತೆಯವರು ಬುಟ್ಟಿ ಹಿಡಿದು ಅವಳ ಕಾರಿನಲ್ಲಿ ಕೂತರು. ನಾನು, ನಮ್ಮ ಮನೆಯವರು, ಬುಟ್ಟಿಯಲ್ಲಿ ಹಿಡಿಸದೆ ಉಳಿದ ರೊಟ್ಟಿ, ಶೇಂಗಾ ಹೋಳಿಗೆ, ಮೊಸರಿನ ಪಾತ್ರೆ, ಎಲ್ಲ ನನ್ನ ಕಾರಿನಲ್ಲಿ. ಬಾಯಿಯ ತುದಿಗೆ ಮಾತು ಬಂದಿತ್ತು. ನುಂಗಿದೆ. ಆಗಲೇ ಹೇಳಿದ್ದರೆ ನೈವೇದ್ಯ ಕೆಡುತ್ತಿತ್ತು, ಹೊಲದ ತಾಯಿಗೆ ಚರಗ ಇಲ್ಲದಾಗುತ್ತಿತ್ತು. ಹೊಟ್ಟೆಕಿಚ್ಚು ಇದೆ ನನಗೆ, ದೇವರ ಭಯವೂ ಇದೆ.

ಹೊಲದಲ್ಲಿ ಬಿಳಿಜೋಳ ಎದೆಮಟ್ಟ ನಿಂತಿತ್ತು. ಬನ್ನಿಗಿಡದ ಕೆಳಗೆ ಸುಣ್ಣ ಬಳಿದ ಐದು ಕಲ್ಲಿಗೆ ಪೂಜೆ ಆಯಿತು. ಮೈದುನ ಚರಗ ಚೆಲ್ಲಿ ಬಂದ. ಎಲ್ಲರೂ ಜಮಖಾನೆಯ ಮೇಲೆ ಊಟಕ್ಕೆ ಕೂತೆವು. ಮಡಿ ಮುಗಿದಿತ್ತು, ಅತ್ತೆಯವರು ನನ್ನ ಪಕ್ಕದಲ್ಲೇ ಕೂತು ಪುಂಡಿಪಲ್ಯ ಮತ್ತೊಮ್ಮೆ ಹಾಕಿಸಿಕೊಂಡರು. ಆಗ ಹೇಳಿದೆ.

"ಅತ್ಯಾ, ಆ ಕಾರಿನ ಸೀಟು ಯಾತರದ್ದು ಗೊತ್ತೇನ್ರಿ? ಮಂದಿ ಬಾಯಿ ಹಚ್ಚಿ ಕುಡದು ಒಗದ ಬಾಟ್ಲಿದು."

ನೆಗೆಣ್ಣಿಯ ಕೈಯ ತುತ್ತು ನಿಂತಿತು. ಅತ್ತೆಯವರು ಅವಳ ಕಡೆ ತಿರುಗಿದರು. "ಹೌದೇನ?"

"ನನಗ ಯಾರೂ ಹೇಳ್ಲಿಲ್ರಿ," ಅಂದಳು ಅವಳು. "ಚರ್ಮ ಇಲ್ಲ ಅಂದ್ರು, ನಿಮಗ ಛಲೋ ಆಗ್ತದ ಅಂತ ತಗೊಂಡ್ವಿ."

ತನಗಾಗಿ ಕೊಂಡದ್ದಲ್ಲ, ಅತ್ತೆಗಾಗಿ. ಅದನ್ನೂ ಸೇರಿಸಿ ಹೇಳಿದಳು ನೋಡಿ.

"ಹಂಗ ಬಾಟ್ಲಿನ ಹಾಸ್ಯಾರೊ, ಕರಗಿಸಿ ಮಾಡ್ಯಾರೊ?" ಅತ್ತೆಯವರು ನನ್ನನ್ನು ಕೇಳಿದರು.

"ಕರಗಿಸಿ ಮಾಡಿದ್ದರಿ."

"ಬೆಂಕ್ಯಾಗ ಹೋಗಿ ಬಂದದ್ದಕ್ಕ ಎಂಜಲಿಲ್ಲ. ಬೋಗಾರನ ಕಡೆ ಹಳೀ ಹಿತ್ತಾಳಿ ಹಾಕಿ ಹೊಸಾ ತಂಬಿಗಿ ತರೂದಿಲ್ಲೇನು? ಮಸರ ನೀಡು."

ಮೊಸರು ನೀಡಿದೆ. ಅರ್ಧ ಎಲೆಯ ಅಂಚಿಗೆ ಬಿತ್ತು. ಇಷ್ಟು ದಿನ ಕಾದ ಬಾಣ ಮೊಸರನ್ನದಲ್ಲಿ ಕಲೆಸಿ ಹೋಯಿತು. ನನ್ನ ದನಿ ಏರಿದ್ದು ನನಗೇ ಕೇಳಿಸಿತು.

"ಅದಕ್ಕಿಷ್ಟು ಸಡ್ಲಾ ಬಿಡ್ತೀರಿ. ನಾ ಲೆದರ್ ಕೀಳಸಿ ಖಾದಿ ಹಾಕಸಿದೆ, ನಡೀಲಿಲ್ಲ. ಧಾಬಳಿ ಹಾಸಿದೆ, ನಡೀಲಿಲ್ಲ. ಆಕಿದು ಎಂಜಲಾದ್ರೂ ನಡೀತದ. ನನ್ನ ಕಾರ ಏನ ಪಾಪ ಮಾಡಿತ್ರಿ?"

ಅತ್ತೆಯವರು ಉಂಡು ಮುಗಿಸಿ, ತಂಬಿಗೆಯ ನೀರಿನಲ್ಲಿ ಕೈ ತೊಳೆದು, ಸೆರಗಿಗೆ ಒರೆಸಿಕೊಂಡರು.

"ನಿನ್ನ ಕಾರಿನ ಹತ್ರ ಬಂದ್ರನ ನನಗ ಹೊಟ್ಟಿ ತೊಳಸ್ತದವಾ," ಅಂದರು. "ಆ ಎಣ್ಣಿ ವಾಸನಿ. ಒಮ್ಮೆ ದವಾಖಾನಿಗಿ ಒಯ್ದಿದ್ದೆಲಾ, ಮನಿ ಮುಟ್ಟೂ ತನಕಾ ಸೆರಗ ಬಾಯಾಗ ತುರಕೊಂಡ ಕೂತಿದ್ದೆ. ನೀ ಅಷ್ಟು ಹೌಸಿಲೆ ಓಡಸ್ತಿದ್ದಿ. ಮಾರಿ ಮ್ಯಾಲ ಹ್ಯಾಂಗ ಹೇಳ್ಲಿ? ಮಡಿ ಅಂದ್ರ ಯಾರೂ ಮುಂದ ಕೇಳೂದಿಲ್ಲ."

ನಮ್ಮ ಮನೆಯವರಿಗೆ ನಕ್ಕು ನೆತ್ತಿ ಹತ್ತಿತು. ಮೈದುನ ಅವರ ಬೆನ್ನು ಬಡಿದ.

ನಾನು ಎದ್ದು ಬದುವಿನ ಕಡೆ ಹೋಗಿ ನಿಂತೆ. ಬದುವಿನ ಗುಂಟ ಪುಂಡಿ ಬೀಜಕ್ಕೆ ಬಿಟ್ಟು ಒಣಗಿತ್ತು. ಇಷ್ಟು ವರ್ಷ ಮಡಿಯ ಜೊತೆ ಜಗಳಾಡಿದೆ, ಅದು ಅಲ್ಲಿ ಇರಲೇ ಇಲ್ಲ. ಇದ್ದದ್ದು ಪೆಟ್ರೋಲು ಮತ್ತು ಒಂದು ಹೊಟ್ಟೆ. ಎಲ್ಲೋ ದೂರದಲ್ಲಿ ಯಾರೋ ಎಂಜಿನಿಯರುಗಳು ಕೂತು, ಭೂಮಿ ಉಳಿಸಬೇಕು ಅಂತ ಹೊಗೆಯಿಲ್ಲದ, ಎಣ್ಣೆಯಿಲ್ಲದ ಗಾಡಿ ಮಾಡಿದರಂತೆ. ನನಗೆ ಕಂಡ ಮಟ್ಟಿಗೆ ಅಷ್ಟೂ ಮಾಡಿದ್ದು ನಮ್ಮ ಅತ್ತೆಯವರ ಹೊಟ್ಟೆಗಾಗಿ, ಕೊಟ್ಟಿದ್ದು ನನ್ನ ನೆಗೆಣ್ಣಿಯ ಕೈಗೆ. ಹೊಟ್ಟೆಕಿಚ್ಚು ಆರಲಿಲ್ಲ. ಸೀಟಿನ ಮೇಲಿದ್ದದ್ದು ಇಡೀ ಕಾರಿಗೆ ಹಬ್ಬಿತು, ಅಷ್ಟೇ.

ಹೊರಡುವ ಹೊತ್ತಾಯಿತು. ಡ್ರೈವರ್ ಬಾಗಿಲು ತೆರೆದ. ಅತ್ತೆಯವರು ಹತ್ತಲಿಲ್ಲ, ನನ್ನ ಕಡೆ ಕೈ ಮಾಡಿ ಕರೆದರು.

"ಬರೂಮುಂದ ಬ್ರೇಕ್ ಒತ್ತಿ ಒತ್ತಿ ನನ್ನ ನಡಾ ಮುರದಾನ ಇಂವ. ನೀ ಹೊಡಿ."

"ನಾನ?"

"ನಿನ್ನ ಕೈ ಛಲೋ ಅದ. ದವಾಖಾನಿಗಿ ಹೋಗೂಮುಂದ ನೋಡೇನಿ. ಗಾಡಿನ ಸುಮಾರು."

ನೆಗೆಣ್ಣಿ ಮುಂದೆ ಬಂದಳು. "ಅಕ್ಕಗ ಇದು ರೂಢಿ ಇಲ್ರಿ ಅತ್ಯಾ. ಇದಕ್ಕ ಗೇರ್ ಇಲ್ಲ, ಕ್ಲಚ್ ಇಲ್ಲ."

"ಇದ್ದದ್ದನ್ನ ಓಡಿಸ್ಯಾಳ. ಇಲ್ಲದ್ದು ಏನ ದೊಡ್ಡದು?"

ಡ್ರೈವರ್ ತೆಪ್ಪಗೆ ಬದಿಗೆ ಸರಿದು, ಯಾವುದು ಮುಂದೆ ಯಾವುದು ಹಿಂದೆ ಅಂತ ತೋರಿಸಿಕೊಟ್ಟ. ಅವನು ನನ್ನ ಕಾರಿನಲ್ಲಿ ನಮ್ಮ ಮನೆಯವರನ್ನು ಹಾಕಿಕೊಂಡು ಬರುವುದು ಅಂತಾಯಿತು. ಅತ್ತೆಯವರು ನನ್ನ ಪಕ್ಕ ಮುಂದಿನ ಸೀಟಿನಲ್ಲಿ ಕೂತರು. ನೆಗೆಣ್ಣಿ ಹಿಂದೆ.

ಕಾರು ಹೊರಟದ್ದು ನನ್ನ ಕಾಲಿಗೆ ಗೊತ್ತಾಯಿತು, ಕಿವಿಗೆ ಗೊತ್ತಾಗಲಿಲ್ಲ. ಎಡಗಾಲು ಇಲ್ಲದ ಕ್ಲಚ್ಚನ್ನು ಹುಡುಕಿ ಹುಡುಕಿ ಸುಮ್ಮನಾಯಿತು. ಎರಡು ಹೊಲದಾಚೆ ಯಾರೋ ಚರಗ ಚೆಲ್ಲುತ್ತ ಕೂಗುವುದು ಒಳಗೆ ಕೇಳಿಸುತ್ತಿತ್ತು. ಒಂದು ಕುಲುಕು, ಒಂದು ಎಳೆತ, ಏನಾದರೂ ಒಂದು ದೋಷ ಸಿಗಲಿ ಅಂತ ದಾರಿಯುದ್ದಕ್ಕೂ ಹುಡುಕಿದೆ. ಕಾಲಿಟ್ಟರೆ ಹರಿಯುತ್ತಿತ್ತು. ಅತ್ತೆಯವರು ಸೆರಗು ಬಾಯಿಗೆ ಒತ್ತಿಕೊಳ್ಳಲಿಲ್ಲ. ಮಾತಾಡಿದರು: ಈ ಹೊಲ ಯಾರದಿತ್ತು, ಯಾರು ಮಾರಿದರು, ಆ ಬಾವಿ ತೋಡಿದಾಗ ತಾವು ಬಸುರಿದ್ದದ್ದು. ಒಂದೇ ಮನೆಯಲ್ಲಿದ್ದೂ ಇಷ್ಟು ಹೊತ್ತು ಅವರು ನನ್ನ ಜೊತೆ ಮಾತಾಡಿದ್ದು ನೆನಪಿಲ್ಲ. ಇಂಥ ಕಾರು ನನ್ನದಾಗಿದ್ದರೆ ಅಂತ ಎಷ್ಟು ಸಲ ಅನ್ನಿಸಿತೋ.

ಹಿಪ್ಪರಗಿ ದಾಟಿದ ಮೇಲೆ ಕನ್ನಡಿಯಲ್ಲಿ ನೆಗೆಣ್ಣಿಯ ಮುಖ ಕಂಡಿತು. ತುಟಿ ಬಿಗಿಹಿಡಿದು, ನಮ್ಮಿಬ್ಬರ ಹೆಗಲನ್ನೇ ನೋಡುತ್ತಿದ್ದಳು. ಅವಳದೇ ಕಾರು, ಅವಳ ಮಾಳಿಗೆಯ ಬಿಸಿಲು, ಹಿಂದಿನ ಸೀಟು.

"ಅಕ್ಕಾ, ಎಸಿ ಸ್ವಲ್ಪ ಕಡಿಮಿ ಮಾಡ್ರಿ, ಥಂಡಿ ಬಡೀಲಿಕ್ಕತ್ತದ," ಅಂದಳು.

ಮುಂದೆ ಒಂದು ಗುಂಡಿಯಿಲ್ಲ, ಬರೀ ಗಾಜಿನ ಪರದೆ. ಎಲ್ಲಿ ಮುಟ್ಟಿದರೆ ಏನಾಗುತ್ತದೆ ಅಂತ ನನಗೆ ಗೊತ್ತಿರಲಿಲ್ಲ. ಅವಳನ್ನು ಕೇಳುವವಳು ನಾನಲ್ಲ.

"ಇರ್ಲಿ ಬಿಡು," ಅಂದೆ. "ಅತ್ತಿಯವರಿಗೆ ಸೆಕಿ ಆಗ್ತದ."