ಕುಂಟಾಲದ ನೊಣ ಕಾದ ಭಾವ

ನನ್ನ ಅಕ್ಕನ ಗಂಡ ಕಟಪಾಡಿಯ ಬಸ್‌ಸ್ಟ್ಯಾಂಡಿನಲ್ಲಿ ಬಹಳ ವರ್ಷ ಟೈಮ್‌ಕೀಪರ್ ಆಗಿದ್ದವರು. ಒಂದು ಬಸ್ಸು ಎರಡು ನಿಮಿಷ ಹೆಚ್ಚು ನಿಂತರೆ ಹಿಂದಿನ ಬಸ್ಸಿನ ಕಂಡಕ್ಟರ್ ಇಳಿದು ಬಂದು ಜಗಳಕ್ಕೆ ನಿಲ್ಲುವ ರೂಟು ಅದು. ಅಂಥ ಜಗಳಗಳ ನಡುವೆ ವಾಚು ನೋಡುತ್ತ, ವಿಸಿಲ್ ಊದುತ್ತ ಆಯುಷ್ಯ ಕಳೆದ ಭಾವ ನಿವೃತ್ತರಾದ ಮೇಲೆ ನಮ್ಮ ಅಲೆವೂರಿನ ಮನೆಯ ಹಿಂದಿನ ಕುಂಟಾಲದ ಪೊದೆಗಳ ಮೇಲೆ ಕಣ್ಣು ಹಾಕಿದರು.

ಕುಂಟಾಲವೆಂದರೆ ನೇರಳೆಯ ಬಡ ತಮ್ಮ. ಮುರಕಲ್ಲಿನ ಗುಡ್ಡದಲ್ಲಿ ಯಾರೂ ನೆಡದೆ, ನೀರು ಹಾಕದೆ ಬೆಳೆಯುವ ಪೊದೆ. ಏಪ್ರಿಲ್ ಕೊನೆಗೆ ಬಟಾಣಿ ಗಾತ್ರದ ಹಣ್ಣುಗಳು ಕೆಂಪಾಗಿ ಆಮೇಲೆ ಕಪ್ಪಾಗುತ್ತವೆ. ಮಣಿಪಾಲದ ಫ್ಲ್ಯಾಟುಗಳಿಂದ ಬರುವ ನನ್ನ ಹೆಂಡತಿಯ ಗೆಳತಿಯರು ಇದನ್ನು 'ವೈಲ್ಡ್ ಚೆರ್ರಿ' ಅನ್ನುತ್ತಾರೆ, ನಾಲ್ಕು ಹಣ್ಣಿಗೆ ಹತ್ತು ಫೋಟೋ ತೆಗೆಯುತ್ತಾರೆ. ಭಾವ ಫೋಟೋ ತೆಗೆಯುವವರಲ್ಲ. ಬೆಳಿಗ್ಗೆ ಮೊದಲ ಬಸ್ಸಿಗೆ ಸ್ಟೀಲಿನ ಡಬ್ಬಿ ಹಿಡಿದುಕೊಂಡು ಬಂದು, ನಾವು ಹಲ್ಲುಜ್ಜಿ ಹೊರಬರುವಷ್ಟರಲ್ಲಿ ಪೊದೆಯನ್ನು ಬೋಳಿಸಿ ಮುಗಿಸಿರುತ್ತಿದ್ದರು.

"ಸ್ವಲ್ಪ ನಮಗೂ ಇಡಿ ಭಾವ," ಎಂದರೆ, "ನೀವು ದಿನಾ ನೋಡ್ತೀರಲ್ವಾ?" ಎನ್ನುತ್ತಿದ್ದರು.

ನಾನು ಮಣಿಪಾಲದ ಒಂದು ಲ್ಯಾಬಿನಲ್ಲಿ ರಕ್ತದ ಸ್ಲೈಡು ನೋಡುವವನು. ಹೋದ ವರ್ಷ ಕುಂಟಾಲ ಹಣ್ಣಾಗತೊಡಗಿದ ಹೊತ್ತಿಗೆ ಪೊದೆಯಲ್ಲಿ ಒಂದು ವಿಚಿತ್ರ ಕಂಡಿತು. ಅಲ್ಲೊಂದು ಇಲ್ಲೊಂದು ಕಾಯಿ ಉಳಿದವುಗಳ ಎರಡರಷ್ಟು ದಪ್ಪವಾಗಿ, ಗೋಲಿಯಂತೆ ನುಣ್ಣಗೆ ಉಬ್ಬಿತ್ತು. ಕೆಂಪಿಗೆ ತಿರುಗಿತ್ತು, ಕಪ್ಪಾಗುವ ಲಕ್ಷಣ ಇರಲಿಲ್ಲ. ಒಂದನ್ನು ಬ್ಲೇಡಿನಿಂದ ಸೀಳಿದೆ. ಬೀಜವೇ ಇಲ್ಲ. ಬೀಜ ಇರಬೇಕಾದಲ್ಲಿ ಸಣ್ಣ ಸಣ್ಣ ಕೋಣೆಗಳು, ಒಂದೊಂದು ಕೋಣೆಯಲ್ಲಿ ಕಿತ್ತಳೆ ಬಣ್ಣದ ಒಂದೊಂದು ಹುಳ, ಎಳ್ಳಿಗಿಂತ ಚಿಕ್ಕದು.

ಕಾರ್ಕಳದ ಒಂದು ಕಾಲೇಜಿನಲ್ಲಿ ಜೀವಶಾಸ್ತ್ರ ಕಲಿಸುವ ಮೇಡಂ ನನ್ನ ಹೆಂಡತಿಯ ಸಹಪಾಠಿ. ಅವರಿಗೆ ಫೋಟೋ ಕಳಿಸಿದೆ. ಕೂಡಲೇ ಫೋನ್ ಬಂತು. "ಇದು ಗಾಲ್ ಮಿಡ್ಜ್. ಭತ್ತದ ಗದ್ದೆಗೆ ಬರುವ ಕಣೆ ನೊಣದ ಸಂಬಂಧಿ. ತಾಯಿ ನೊಣ ಹೂವಿನಲ್ಲೇ ಮೊಟ್ಟೆ ಇಡ್ತದೆ. ಕಾಯಿ ಬೀಜ ಮಾಡೋದು ಬಿಟ್ಟು ಗಂಟು ಕಟ್ಟಿ ಮರಿಗಳಿಗೆ ಮನೆ ಮಾಡಿಕೊಡ್ತದೆ."

ನನ್ನ ತಲೆಯಲ್ಲಿ ಆಗಲೇ ಒಂದು ಕಿತಾಪತಿ ಹುಟ್ಟಿತು. ಮರುದಿನ ಭಾವ ಬರುವ ಮೊದಲೇ ಎದ್ದು, ಉಬ್ಬಿದ ಕಾಯಿಗಳಲ್ಲಿ ಒಂದು ಹಿಡಿ ಆರಿಸಿ ತಟ್ಟೆಯಲ್ಲಿಟ್ಟು ಜಗಲಿಯಲ್ಲಿ ಕೂತೆ. ಅವರು ಒಂದನ್ನು ಬಾಯಿಯ ಹತ್ತಿರ ತಂದಾಗ ತಡೆದು, ಸೀಳಿ ತೋರಿಸಿ, ಕುಂಟಾಲದ ಮೇಲಿನ ಆಸೆಯನ್ನೇ ಬಿಡಿಸುವುದು ನನ್ನ ಲೆಕ್ಕಾಚಾರ.

"ಇದೆಂತ, ಇಷ್ಟು ದಪ್ಪ?" ಎಂದರು ಭಾವ.

"ಬೀಜ ಇಲ್ಲದ್ದು. ಹೊಸ ಜಾತಿ," ಎಂದೆ.

ಮಾತು ಮುಗಿಯುವ ಮೊದಲೇ ಮೂರು ಕಾಯಿ ಭಾವನ ಬಾಯಿ ಸೇರಿದ್ದವು. ನಾನು ಕೈ ಚಾಚಿದ್ದು ಹಾಗೇ ಉಳಿಯಿತು. ಅವರು ಅಗಿದು, ನುಂಗಿ, "ಸ್ವಲ್ಪ ಚಪ್ಪೆ. ಆದರೆ ಬೀಜ ಇಲ್ಲ, ಹೌದು," ಎಂದು ತೀರ್ಪು ಕೊಟ್ಟು ನಾಲ್ಕನೆಯದಕ್ಕೆ ಕೈ ಹಾಕಿದರು. ಬಾಗಿಲ ಹಿಂದೆ ನಿಂತಿದ್ದ ನನ್ನ ಹೆಂಡತಿ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಒಳಗೆ ಓಡಿದಳು.

ಇನ್ನು ಸುಮ್ಮನಿರುವುದು ಪಾಪವೆನಿಸಿತು. ಆ ನಾಲ್ಕನೆಯ ಕಾಯಿಯನ್ನು ಕಿತ್ತುಕೊಂಡು ಸೀಳಿ, ಲ್ಯಾಬಿನಿಂದ ತಂದಿದ್ದ ದೊಡ್ಡ ಲೆನ್ಸನ್ನು ಅವರ ಕೈಗೆ ಕೊಟ್ಟೆ. ಬೈಗುಳಕ್ಕೆ ಕಾದೆ. ಭಾವ ಬೈಯಲಿಲ್ಲ. ಕನ್ನಡಕ ಹಣೆಗೇರಿಸಿ, ಲೆನ್ಸನ್ನು ಕಣ್ಣಿಗೆ ಒತ್ತಿಕೊಂಡು ಕೂತವರು ಚಹಾ ಆರಿದರೂ ತಲೆ ಎತ್ತಲಿಲ್ಲ. ಕೊನೆಗೆ ಕೇಳಿದ್ದು ಒಂದೇ ಪ್ರಶ್ನೆ.

"ಇದು ಹೊರಗೆ ಬರುವ ಟೈಮ್ ಎಷ್ಟು?"

"ಯಾರಿಗೆ ಗೊತ್ತು?"

"ಯಾರಿಗೂ ಗೊತ್ತಿಲ್ವಾ?" ಅವರ ಮುಖದಲ್ಲಿ ಹಳೆಯ ಡ್ಯೂಟಿಯ ಕಳೆ ಬಂತು. "ಹಾಗಾದ್ರೆ ನೋಡ್ಬೇಕಲ್ವಾ ಮಾರಾಯ!"

ಕಾರ್ಕಳದ ಮೇಡಂ ಫೋನಿನಲ್ಲೇ ಕ್ರಮ ಹೇಳಿಕೊಟ್ಟರು. ಬಾಟಲಿಯ ತಳದಲ್ಲಿ ಒದ್ದೆ ಮರಳು ಹಾಕಬೇಕು, ಅದರ ಮೇಲೆ ಕಾಯಿಗಳನ್ನಿಟ್ಟು ಬಾಯಿಗೆ ತೆಳು ಬಟ್ಟೆ ಕಟ್ಟಬೇಕು. ಭಾವ ಅಂದೇ ಸಂಜೆ ಕಾಪುವಿಗೆ ಹೋಗಿ ಕಡಲ ದಂಡೆಯಿಂದ ನಯವಾದ ಮರಳು ತಂದರು. ಕಾಯಿಯಿಂದ ಮರಳಿಗಿಳಿದ ಹುಳಗಳೆಲ್ಲ ನಾಲ್ಕೇ ದಿನದಲ್ಲಿ ಸತ್ತವು. "ಉಪ್ಪಿನ ಮರಳು ಹಾಕಿದ್ರೆ ಉಪ್ಪಿನಕಾಯಿ ಆಗ್ತದೆ, ನೊಣ ಆಗ್ತದಾ?" ಎಂದು ಮೇಡಂ ನಕ್ಕರಂತೆ. ಕಡಲಿನ ಮೇಲಿನ ಸಿಟ್ಟಿಗೆ ಭಾವ ಆ ರಾತ್ರಿ ಊಟದಲ್ಲಿ ಮೀನು ಮುಟ್ಟಲಿಲ್ಲವೆಂದು ಅಕ್ಕ ವರದಿ ಮಾಡಿದಳು.

ಎರಡನೆಯ ಬಾಟಲಿಗೆ ಹೊಳೆಯ ಮರಳು ಬಂತು. ಅಕ್ಕನ ಮನೆಯಲ್ಲಿ ಅದರ ಜಾಗ ಟಿವಿಯ ಪಕ್ಕ. ಫ್ಯಾನು ಹಾಕಿದರೆ ಗಾಳಿ, ಟಿವಿ ಹಾಕಿದರೆ ಬಿಸಿ. ಅಕ್ಕನ ಧಾರಾವಾಹಿ ಬಂದ್ ಆಯಿತು.

ನಮ್ಮ ಗತಿ ಇನ್ನೂ ಕೆಟ್ಟಿತು. ಭಾವ ದಿನಾ ಬೆಳಿಗ್ಗೆ ಬರತೊಡಗಿದರು, ಡಬ್ಬಿ ಇಲ್ಲದೆ. ಉಬ್ಬಿದ ಕಾಯಿ ಇರುವ ಗೆಲ್ಲಿಗೆಲ್ಲ ಕೆಂಪು ರಿಬ್ಬನ್ ಕಟ್ಟಿದರು. ಹುಡುಕಿದರೆ ಗೆಲ್ಲಿಗೊಂದಾದರೂ ಸಿಗುತ್ತಿದ್ದುದರಿಂದ ಪೊದೆಯಲ್ಲಿ ರಿಬ್ಬನ್ ಇಲ್ಲದ ಗೆಲ್ಲು ಬೆರಳೆಣಿಕೆಯಷ್ಟು. ಒಂದು ದಿನ ನಾನು ಚೆನ್ನಾಗಿ ಕಪ್ಪಾದ ಹಣ್ಣೊಂದನ್ನು ಕಿತ್ತು ಬಾಯಿಗೆ ಹಾಕಿದೆ. ಹಿಂದಿನಿಂದ ವಿಸಿಲ್ ಕೇಳಿತು. ನಿಜವಾದ ವಿಸಿಲ್. ಹಳೆಯದನ್ನು ಕಿಸೆಯಲ್ಲಿಟ್ಟುಕೊಂಡೇ ತಿರುಗುತ್ತಿದ್ದರು.

"ಮುಟ್ಬೇಡ! ಗೆಲ್ಲು ಅಲ್ಲಾಡಿದ್ರೆ ಪಕ್ಕದ್ದು ಉದುರ್ತದೆ!"

"ನಮ್ಮ ಗುಡ್ಡ ಭಾವ ಇದು."

"ಗುಡ್ಡ ನಿಮ್ಮದೇ. ನಾನು ಎಂತ ಹೊತ್ತುಕೊಂಡು ಹೋಗ್ತೇನಾ?"

ಹೆಂಡತಿ ನನ್ನನ್ನು ನೋಡಿದ ನೋಟದ ಅರ್ಥ ಸ್ಪಷ್ಟವಾಗಿತ್ತು. ಮೊದಲು ಬೋಳಿಸಿದ ಪೊದೆಯಲ್ಲೂ ಒಂದು ಹಿಡಿಯಾದರೂ ಸಿಗುತ್ತಿತ್ತು. ನನ್ನ ಜಾಣತನದಿಂದ ಈಗ ಅದೂ ಹೋಯಿತು. ಆ ಸಲ ಶರಬತ್ತಿಗೆ ಅವಳು ಕುಂಟಾಲದ ಬದಲು ಪೇಟೆಯಿಂದ ಪುನರ್ಪುಳಿ ಹಣ್ಣು ತಂದಳು. ನನ್ನ ಲೋಟಕ್ಕೆ ಸಕ್ಕರೆ ಕಡಿಮೆ ಹಾಕಿದಳು.

ಹತ್ತು ಹನ್ನೆರಡು ದಿನ ಕಳೆದ ಮೇಲೆ ಬೆಳ್ಳಂಬೆಳಗ್ಗೆ ಭಾವನ ಫೋನು ಬಂತು. "ಬಂತು, ಬಂತು! ಆರು ಹನ್ನೆರಡಕ್ಕೆ!"

ಲುಂಗಿಯಲ್ಲೇ ಸ್ಕೂಟರ್ ಹತ್ತಿ ಕಟಪಾಡಿಗೆ ಓಡಿದೆ. ಬಾಟಲಿಯ ಬಟ್ಟೆಯ ಕೆಳಗೆ ಹಸಿರು ಹೊಳಪಿನ ಒಂದು ಪುಟ್ಟ ಕೀಟ ಓಡಾಡುತ್ತಿತ್ತು. ನನಗೇಕೋ ಸಂಶಯ ಬಂದು ಫೋಟೋ ತೆಗೆದು ಮೇಡಂಗೆ ಕಳಿಸಿದೆ. ಉತ್ತರ ಓದಿ ಭಾವನಿಗೆ ಹೇಳಲು ಹಿಂಜರಿದೆ.

"ಎಂತ ಹೇಳಿದ್ರು?"

"ಇದು ನೊಣ ಅಲ್ಲವಂತೆ ಭಾವ. ಕಣಜ. ತಾಯಿ ಕಣಜ ನೊಣದ ಮರಿಯ ಮೇಲೆ ಮೊಟ್ಟೆ ಇಡ್ತದಂತೆ. ಕಣಜದ ಮರಿ ನೊಣದ ಮರಿಯನ್ನು ತಿಂದು, ಅದರ ಜಾಗದಿಂದ ಹೊರಗೆ ಬರುವುದಂತೆ."

ಭಾವ ಕೂತಲ್ಲಿಂದ ಎದ್ದು ನಿಂತರು. "ಅಂದ್ರೆ ಅವನ ಟೈಮಿಗೆ ಇವನು ಬಂದದ್ದಾ?" ಒಂದು ಬಸ್ಸಿನ ಟೈಮನ್ನು ಇನ್ನೊಂದು ಬಸ್ಸು ನುಂಗುವುದು ಅವರ ಕಣ್ಣಿನಲ್ಲಿ ಕೊಲೆಗೆ ಸಮ. ಬಾಟಲಿಯ ಕಡೆಗೆ ಬೆರಳು ತೋರಿಸಿ ಅವರು ಕಣಜಕ್ಕೆ ಬೈದ ಬೈಗುಳಗಳನ್ನು ಇಲ್ಲಿ ಬರೆಯಲಾರೆ. ಅಡುಗೆಮನೆಯಿಂದ ಅಕ್ಕ, "ಪಕ್ಕದ ಮನೆಯ ಬಾಯಮ್ಮ ಪ್ರಾರ್ಥನೆ ಮಾಡ್ತಾ ಇದ್ದಾರೆ, ಮೆಲ್ಲಗೆ!" ಎಂದು ಕೂಗಿದಳು.

ಎರಡು ದಿನ ಬಿಟ್ಟು ನಿಜವಾದ ನೊಣಗಳು ಬಂದವು. ಸೊಳ್ಳೆಗಿಂತ ಸಣ್ಣ, ಉದ್ದ ಕಾಲಿನ, ಊದಿದರೆ ಹಾರಿಹೋಗುವಂಥ ಹನ್ನೊಂದು ಜೀವಗಳು. ಎಲ್ಲವೂ ಬೆಳಕು ಹರಿಯುವ ಹೊತ್ತಿಗೇ. ಭಾವ ಒಂದೊಂದರ ಸಮಯವನ್ನೂ ಕ್ಯಾಲೆಂಡರಿನ ಹಿಂಬದಿಯಲ್ಲಿ ಬರೆದುಕೊಂಡರು. ಈ ಸಲ ಅವರು ಫೋನಿನಲ್ಲಿ ಕೂಗಲಿಲ್ಲ. ಮೆಲ್ಲಗೆ, "ಬಂದಿದೆ, ಬಾ," ಎಂದಷ್ಟೇ ಹೇಳಿದರು.

ಮಳೆಗಾಲ ಶುರುವಾಗಿ ಕಾಲೇಜು ತೆರೆದ ಮೇಲೆ ಮೇಡಂ ನಮ್ಮನ್ನು ಕಾರ್ಕಳಕ್ಕೆ ಕರೆದರು. ನೊಣಗಳನ್ನು ಸ್ಪಿರಿಟ್ಟಿನ ಸಣ್ಣ ಶೀಶೆಯಲ್ಲಿಟ್ಟುಕೊಂಡು ಹೋದೆವು. ಅವರು ಅದನ್ನು ಬೆಳಕಿಗೆ ಹಿಡಿದು, "ಹೆಸರು ಹೇಳಲಿಕ್ಕೆ ನನ್ನಿಂದಾಗುವುದಿಲ್ಲ. ಇದನ್ನೇ ಕಲಿತವರಿಗೆ ಕಳಿಸ್ತೇನೆ," ಎಂದರು. ಆಮೇಲೆ, "ನಮ್ಮ ಮಕ್ಕಳಿಗೆ ಐದು ನಿಮಿಷ ಹೇಳ್ತೀರಾ?" ಎಂದು ಭಾವನನ್ನು ಕೇಳಿದರು.

ಭಾವ ನಲವತ್ತು ನಿಮಿಷ ಹೇಳಿದರು, ಬಸ್‌ಸ್ಟ್ಯಾಂಡಿನ ಮೈಕಿನ ಗಟ್ಟಿ ಕನ್ನಡದಲ್ಲಿ. ಕಣಜ ಬಂದ ಕಡೆ ಸ್ವಲ್ಪ ದಾರಿ ತಪ್ಪಿ ಬೈಗುಳದ ಅಂಚಿಗೆ ಹೋಗಿ ಬಂದರು. ತಾವು ಮೂರು ಕಾಯಿ ತಿಂದದ್ದನ್ನೂ ಮುಚ್ಚಿಡಲಿಲ್ಲ. ತರಗತಿ ಬಿದ್ದು ಬಿದ್ದು ನಕ್ಕಿತು. ಅವರು ನನ್ನ ಕಡೆ ತಿರುಗಿ, "ತಿನ್ನಿಸಿದ್ದು ಇವನೇ," ಎಂದಾಗ ಇನ್ನೂ ಜೋರಾಗಿ ನಕ್ಕಿತು.

ಕೊನೆಗೆ ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು, "ಸರ್, ಹಣ್ಣು ಹಾಳು ಮಾಡುವ ನೊಣ ಅಲ್ವಾ ಸರ್, ಕೊಲ್ಲಬಾರದಾ?" ಎಂದು ಕೇಳಿದಳು.

ಭಾವ ಶೀಶೆಯನ್ನು ಎತ್ತಿ ತೋರಿಸಿದರು. "ಅದು ಅದರ ಟೈಮಿಗೆ ಬರ್ತದೆ, ಹೋಗ್ತದೆ. ನಮಗೆ ಬೇಕಾದ ಹಣ್ಣು ಇನ್ನೂ ಉಂಟಲ್ವಾ?"

ಹಣ್ಣು ಎಲ್ಲಿ ಉಂಟು ಎಂದು ಕೇಳಲು ನನ್ನ ಹೆಂಡತಿ ಅಲ್ಲಿರಲಿಲ್ಲ.

ವಾಪಸು ಬರುವಾಗ ಬಸ್ಸಿನಲ್ಲಿ ಭಾವ ಕಿಟಕಿಯ ಪಕ್ಕ ಕೂತು ಪ್ರತಿ ಸ್ಟಾಪಿನಲ್ಲೂ ವಾಚು ನೋಡುತ್ತಿದ್ದರು. ಮಣಿಪಾಲ ಹತ್ತಿರವಾದಾಗ, "ಆ ಹುಡುಗಿ ಸರ್ ಅಂದದ್ದು ಕೇಳಿದಿಯಾ?" ಎಂದರು.

"ಕೇಳಿದೆ ಭಾವ."

"ಎರಡು ಸಲ ಹೇಳಿದಳು," ಎಂದು ಅವರು ಕಿಟಕಿಯತ್ತ ತಿರುಗಿದರು.