ಮಾರಾಟಕ್ಕಿಲ್ಲದ ನೀರಿನ ಬಾಟಲಿ

ಅಮೆರಿಕದ ಬೋಲಿಂಗ್‌ಬ್ರೂಕ್‌ನಲ್ಲಿ ತಂಗಿಯ ಮಗಳು ಸುಧಾ ನನ್ನನ್ನು ಒಂದು ಗರಾಜ್ ಸೇಲ್‌ಗೆ ಕರೆದೊಯ್ದಳು. ವಿಯೆಟ್ನಾಂ ಯುದ್ಧದಲ್ಲಿದ್ದ ಮುದುಕನೊಬ್ಬ ಮನೆಯ ಹಳೆಯ ಸಾಮಾನು ಮಾರುತ್ತಿದ್ದ. ಅವನ ಮಿಲಿಟರಿ ನೀರಿನ ಬಾಟಲಿಯನ್ನು ಎತ್ತಿಕೊಂಡು, ಅಭ್ಯಾಸದಂತೆ ಅರ್ಧ ಬೆಲೆಗೆ ಕೇಳಿದೆ. ಅವನು ಬೆಲೆಯ ಮಾತೇ ಆಡದೆ, ಅದರಲ್ಲಿ ಕೊನೆಯ ಗುಟುಕು ಕುಡಿದು ಸತ್ತ ಗೆಳೆಯನ ಕಥೆ ಹೇಳಿದ. ಸುಧಾ ನನಗೆ ಕನ್ನಡದಲ್ಲಿ ತಿಳಿಸುತ್ತ ಹೋದಳು. ಮುಗಿದ ಮೇಲೆ ಅವನು ಬಾಟಲಿಯನ್ನು ನನ್ನ ಕೈಯಿಂದ ಮೆಲ್ಲಗೆ ಬಿಡಿಸಿಕೊಂಡು ಮತ್ತೆ ಮೇಜಿನ ಮೇಲೆಯೇ ಇಟ್ಟ.

"ಮಾರೋದಿಲ್ಲ ಅಂದ್ರೆ ಒಳಗಿಡೋಕೆ ಹೇಳಮ್ಮ, ಗಿರಾಕಿ ಟೈಮ್ ಯಾಕೆ ಹಾಳು?" ಎಂದೆ.

ಸುಧಾ ಅವನ ಹೆಂಡತಿಯನ್ನು ವಿಚಾರಿಸಿ ಬಂದಳು. "ಮನೇಲಿ ಯಾರ ಹತ್ರಾನೂ ಬಾಯಿ ಬಿಡಲ್ವಂತೆ, ಮಾಮ. ಬಾಟಲಿ ರೇಟ್ ಕೇಳಿದವ್ರಿಗೆ ಮಾತ್ರ ಹೇಳ್ತಾರಂತೆ. ಹೇಳಿದ ದಿನ ನಿದ್ದೆ ಬರುತ್ತಂತೆ."

ಇದೆಂಥ ವ್ಯಾಪಾರವೋ ನನಗೆ ಅರ್ಥವಾಗಲಿಲ್ಲ. ಪಕ್ಕದಲ್ಲಿ ಹೆಂಗಸೊಬ್ಬಳು ಕುರ್ಚಿ ನೋಡುತ್ತಿದ್ದಳು. ಅವಳಿಗೆ ಕೈಸನ್ನೆ ಮಾಡಿ ಬಾಟಲಿ ತೋರಿಸಿದೆ.